ಡೊಂಕುಗೋಡೆಯವರು

ನಮ್ಮ ಮನೆತನದ ಹೆಸರು ಡೊಂಕುಗೋಡೆ. ನಗುವುದಿದ್ದರೆ ಈಗಲೇ ನಕ್ಕು ಮುಗಿಸಿ, ಆಮೇಲೆ ನಕ್ಕರೆ ನಾನು ಸುಮ್ಮನಿರುವವಳಲ್ಲ.

ನಮ್ಮೂರಿನ ಅಡ್ಡಹೆಸರುಗಳೆಲ್ಲ ಯಾವುದೋ ಮುತ್ತಜ್ಜನ ಕಸುಬಿನಿಂದಲೋ ಮುಖದಿಂದಲೋ ಬಂದವು. ಬೀಗ ಮಾಡುತ್ತಿದ್ದವನ ವಂಶ ಬೀಗದವರು. ಅವರಲ್ಲೊಬ್ಬ ಈಗ ಬಸ್ ಓಡಿಸುತ್ತಾನೆ, ತಿಂಗಳಿಗೊಮ್ಮೆ ಮನೆಯ ಬೀಗದ ಕೈ ಕಳೆದುಕೊಂಡು ಕಿಟಕಿ ಹತ್ತುತ್ತಾನೆ. ಉದ್ದಗಡ್ಡದವರ ಮನೆಯಲ್ಲಿ ಮೂರು ತಲೆಮಾರಿನಿಂದ ಯಾರಿಗೂ ನೆಟ್ಟಗೆ ಮೀಸೆ ಕೂಡ ಬಂದಿಲ್ಲ. ಆದರೂ ಅವರ ಹೆಸರು ಕೇಳಿ ಯಾರೂ ನಗುವುದಿಲ್ಲ.

ನಮ್ಮ ಮುತ್ತಜ್ಜ ಕಲ್ಲುಕೆಲಸದ ಮೇಸ್ತ್ರಿ. ಹಳೆಯ ಮಾರುಕಟ್ಟೆಯ ಹಿಂದೆ, ಮೇಲಿನ ರಸ್ತೆ ಹೋಗುವ ದಿಬ್ಬಕ್ಕೆ ಒತ್ತಾಗಿ ಎಂಟು ಮೊಳ ಎತ್ತರದ ಗೋಡೆಯೊಂದನ್ನು ಕಟ್ಟಿದನಂತೆ. ಮುಗಿದ ದಿನ ನೋಡಿದರೆ ಗೋಡೆ ದಿಬ್ಬದ ಕಡೆಗೆ ವಾಲಿಕೊಂಡಿದೆ. ಊರೆಲ್ಲ ಬಂದು ನಕ್ಕಿತು. "ಕುಣಿಯಲಾರದವಳು ನೆಲ ಡೊಂಕು ಅಂದ್ಳಂತೆ, ಇವನೇನಂತಾನೋ ಕೇಳಿ" ಎಂದರು. ಅವನು ಅಂದದ್ದು ಎರಡೇ ಮಾತು: "ಕಾದು ನೋಡಿ." ಕೈ ತೊಳೆದುಕೊಂಡು ದೂರದೂರಿನ ಕೆಲಸಕ್ಕೆ ಹೋದವನು ಅಲ್ಲೇ ತೀರಿಕೊಂಡ. ಅಜ್ಜ ಆಗಿನ್ನೂ ತೊಟ್ಟಿಲಲ್ಲಿದ್ದ. ಹೆಸರು ಮಾತ್ರ ಊರಲ್ಲೇ ಉಳಿದು, ಶಾಲೆಯ ಹಾಜರಿ ಪುಸ್ತಕ ಹತ್ತಿ, ಅಲ್ಲಿಂದ ಎಲ್ಲ ಸರ್ಕಾರಿ ಕಾಗದಗಳಿಗೂ ಇಳಿಯಿತು.

ನಾನು ಶಾಲೆಯಲ್ಲಿದ್ದಾಗ ಮೇಷ್ಟ್ರು ಹಾಜರಿ ಕೂಗುತ್ತ "ಡೊಂಕುಗೋಡೆ" ಎಂದರೆ ಇಡೀ ತರಗತಿ ಬೆಂಚಿನ ಮೇಲೆ ಒಂದೇ ಕಡೆ ವಾಲುತ್ತಿತ್ತು. ನಾನು ವಾಲಿದವರನ್ನು ತಳ್ಳಿ ಬೀಳಿಸುತ್ತಿದ್ದೆ. ಅಪ್ಪನದು ಬೇರೆ ದಾರಿ. ಯಾವ ಕಚೇರಿಗೆ ಹೋದರೂ ಅವನು ಬಾಗಿಲ ಹತ್ತಿರವೇ ನಿಲ್ಲುತ್ತಿದ್ದ. ಗುಮಾಸ್ತ "ಡೊಂ" ಎನ್ನುವಷ್ಟರಲ್ಲಿ ಕಿಟಕಿಯ ಮುಂದೆ ಹಾಜರ್. ಎರಡನೇ ಸಲ ಕೂಗಬಾರದು, ಜನ ತಿರುಗಿ ನೋಡಬಾರದು, ಅಷ್ಟೇ ಅವನ ಆಸೆ.

ಅಪ್ಪ ಕಟ್ಟಿದ ಮನೆಗಳ ಗೋಡೆಗೆ ತೂಗುಗುಂಡು ಬಿಟ್ಟು ನೋಡಿ, ದಾರಕ್ಕೂ ಇಟ್ಟಿಗೆಗೂ ನಡುವೆ ಕೂದಲು ತೂರುವುದಿಲ್ಲ. ಊಟದ ತಟ್ಟೆಯನ್ನೂ ಚಾಪೆಯ ಅಂಚಿಗೆ ನೇರ ಮಾಡಿ ಇಟ್ಟುಕೊಳ್ಳುತ್ತಿದ್ದ. ಮಾರುಕಟ್ಟೆಯ ಹಿಂದಿನ ಬೀದಿಗೆ ಮಾತ್ರ ಎಂದೂ ಕಾಲಿಡುತ್ತಿರಲಿಲ್ಲ, ಅಜ್ಜನೂ ಇಟ್ಟಿರಲಿಲ್ಲ. ಮಕ್ಕಳಾದ ನಮ್ಮನ್ನೂ ಕೈಹಿಡಿದು ಸುತ್ತುಬಳಸಿಯೇ ಕರೆದೊಯ್ಯುತ್ತಿದ್ದ. ಆ ಗೋಡೆಗೆ ಮರದ ಅಡ್ಡೆಯವರು ದಿಮ್ಮಿ ಹಲಗೆಗಳನ್ನು ಒರಗಿಸಿ ಮುಚ್ಚಿಬಿಟ್ಟಾಗ ನಮ್ಮ ಮನೆಯಲ್ಲಿ ಎಲ್ಲರಿಗೂ ನೆಮ್ಮದಿಯಾಯಿತು. ನಮ್ಮ ಸೋದರತ್ತೆಯಂತೂ ಉದ್ದಗಡ್ಡದವರ ಮನೆಗೆ ಸೊಸೆಯಾಗಿ ಹೋದದ್ದೇ ಹೆಸರಿನ ಆಸೆಗೆ. "ಗಂಡ ಹೆಂಗಿದ್ರೂ ಸರಿ, ಹೆಸ್ರು ನೆಟ್ಟಗಿರ್ಲಿ ಅಂತ ಒಪ್ಕೊಂಡೆ" ಎಂದು ಮಾವನ ಎದುರೇ ಹೇಳುತ್ತಾಳೆ.

ನಾನೂ ಗಾರೆ ಕೆಲಸವನ್ನೇ ಹಿಡಿದೆ. ಹದಿನೈದು ವರ್ಷ ಬೇರೆಯವರ ಕೈಕೆಳಗೆ ದುಡಿದು, ಈ ವರ್ಷ ಸ್ವಂತ ಗುತ್ತಿಗೆ ಶುರು ಮಾಡಿದೆ. ಬೋರ್ಡು ಬರೆಯುವವನ ಹತ್ತಿರ ಹೋದರೆ ಅವನು ಕುಂಚ ಕೆಳಗಿಟ್ಟು ಕೇಳಿದ: "ಅಕ್ಕಾ, ಡೊಂಕುಗೋಡೆ ಕಟ್ಟಡ ನಿರ್ಮಾಣ ಅಂತ ಬರೆದ್ರೆ ಯಾರು ಬರ್ತಾರೆ ಹೇಳಿ?"

ಅವನ ಮಾತಲ್ಲಿ ತಪ್ಪಿರಲಿಲ್ಲ. ಹೆಸರು ಬದಲಾವಣೆಯ ಅರ್ಜಿ ತಂದೆ. ಮನೆಯ ಹಿರಿಯರೊಬ್ಬರ ಸಹಿ ಬೇಕಿತ್ತು. ಅಪ್ಪ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದ.

"ನನ್ ಕಾಲಕ್ಕೆ ಈ ಧೈರ್ಯ ಬರ್ಲಿಲ್ಲ ಮಗಳೇ," ಎಂದ. "ನೀನಾದ್ರೂ ಕಳಚ್ಕೊ."

ಸಹಿ ಹಾಕಿದ. ಅದೂ ಗೆರೆ ಎಳೆದ ಹಾಗೆ ನೇರ. ನನಗೆ ಖುಷಿಯಾಗಬೇಕಿತ್ತು, ಆಗಲಿಲ್ಲ.

ಅದೇ ವಾರ ನಗರಸಭೆಯಿಂದ ಕೆಲಸ ಬಂತು. ಮಾರುಕಟ್ಟೆಯ ಹಿಂದೆ, ನಮ್ಮ ಗೋಡೆಯ ಪಕ್ಕದಲ್ಲಿ ಬೇರೆಯವರು ಕಟ್ಟಿದ್ದ ನೆಟ್ಟನೆಯ ಗೋಡೆ ಹೊಟ್ಟೆ ಉಬ್ಬಿಸಿಕೊಂಡು ಕುಸಿದಿತ್ತು. ಬಿದ್ದದ್ದು ಇದು ಮೂರನೇ ಸಲ. ಅದರ ಕಲ್ಲುಮಣ್ಣು ತೆಗೆಯಬೇಕು, ಜೊತೆಗೆ ಪಕ್ಕದ್ದನ್ನೂ ಕೆಡವಿ ಎರಡನ್ನೂ ಹೊಸದಾಗಿ ನೆಟ್ಟಗೆ ಕಟ್ಟಬೇಕು. ಕಡತದಲ್ಲಿ ಬರೆದಿತ್ತು: "ಡೊಂಕು ಗೋಡೆ, ಅಪಾಯ, ಕೆಡವತಕ್ಕದ್ದು." ನನ್ನ ಮೊದಲ ದೊಡ್ಡ ಗುತ್ತಿಗೆ ಅದು. ಹೆಸರನ್ನು ಕಾಗದದಲ್ಲಿ ತೆಗೆಯುತ್ತೇನೆ, ಗೋಡೆಯನ್ನು ಕೈಯಾರೆ ತೆಗೆಯುತ್ತೇನೆ, ಪೀಡೆ ತೊಲಗಿತು ಎಂದುಕೊಂಡು, ಅರ್ಜಿಯನ್ನು ಜೇಬಿನಲ್ಲಿಟ್ಟುಕೊಂಡೇ ಕೆಲಸಕ್ಕೆ ಹೋದೆ.

ಮರದ ಅಡ್ಡೆಯವರು ಹಲಗೆ ಎತ್ತಿಕೊಂಡು ಹೋಗಿದ್ದರು. ಬಳ್ಳಿ ಪೊದೆಗಳನ್ನು ನಾವು ಸವರಿದೆವು. ಆಮೇಲೆ ಹಾರೆ ಹಾಕಿದರೆ ಕಲ್ಲು ಅಲುಗಬೇಕಲ್ಲ! ಇಬ್ಬರು ಗಟ್ಟಿಮುಟ್ಟು ಆಳುಗಳು ಬೆಳಗಿನಿಂದ ಮಧ್ಯಾಹ್ನದ ತನಕ ಹೆಣಗಿ, ಮೇಲಿನ ಸಾಲಿನಲ್ಲಿ ಕಿತ್ತದ್ದು ಏಳೇ ಕಲ್ಲು. ಒಂದು ಹಾರೆ ಬಾಗಿಯೇ ಹೋಯಿತು.

"ಅಕ್ಕಾ, ಇದನ್ನ ಕಟ್ಟಿದೋನು ಯಾರೋ ಮಹಾ ಮೊಂಡ," ಎಂದು ಒಬ್ಬ ಬೆವರು ಒರೆಸಿಕೊಂಡ.

ನಾನು ಏಣಿ ಹತ್ತಿ ನೋಡಿದೆ. ಕಿತ್ತ ಕಲ್ಲಿನ ಹಿಂದೆ ಬರೀ ಮಣ್ಣಿರಲಿಲ್ಲ. ಒಂದು ಮೊಳ ದಪ್ಪಕ್ಕೆ ಕೈಯಿಂದ ಜೋಡಿಸಿದ ಸಣ್ಣ ಕಲ್ಲು, ದಿಬ್ಬದ ನೀರು ಗೋಡೆಯನ್ನು ಒತ್ತದೆ ಕೆಳಗಿಳಿಯಲಿ ಎಂದು. ಕೆಳಗೆ ಬುಡದಲ್ಲಿ ಆ ನೀರು ಹೊರಬರಲು ಮಾರು ದೂರಕ್ಕೊಂದು ಕಂಡಿ. ಪ್ರತಿ ಕಲ್ಲೂ ಹಿಂದಕ್ಕೆ ತುಸು ಇಳಿಜಾರಾಗಿ ಕೂತಿತ್ತು, ಒಂದೂ ತಪ್ಪದ ಹಾಗೆ. ಗೋಡೆಯ ತಲೆಯಿಂದ ಕೋಲೊಂದನ್ನು ಮುಂದಕ್ಕೆ ಚಾಚಿ, ತೂಗುಗುಂಡು ಬುಡಕ್ಕೆ ತಾಗುವಂತೆ ಇಳಿಬಿಟ್ಟೆ. ದಾರಕ್ಕೂ ಕಲ್ಲಿಗೂ ಎಷ್ಟು ಅಂತರ ಎಂದು ಬೆರಳಿಟ್ಟು ಅಳೆಯುತ್ತ ಬಂದೆ. ಒಂದು ಮೊಳ ಎತ್ತರದಲ್ಲಿ ಎರಡು ಬೆರಳು. ಎರಡು ಮೊಳಕ್ಕೆ ನಾಲ್ಕು. ಮೂರಕ್ಕೆ ಆರು. ತುದಿಯಲ್ಲಿ ಹದಿನಾರು.

ಹತ್ತು ಹೆಜ್ಜೆ ಆಚೆ ಹೋಗಿ ಮತ್ತೆ ಬಿಟ್ಟೆ. ಅದೇ ಲೆಕ್ಕ.

ಕೈತಪ್ಪಿ ಡೊಂಕಾದ ಗೋಡೆ ಒಂದು ಕಡೆ ಉಬ್ಬಿ ಇನ್ನೊಂದು ಕಡೆ ತಗ್ಗಿರುತ್ತದೆ. ಇಷ್ಟು ಸಮನಾಗಿ ಯಾರೂ ತಪ್ಪು ಮಾಡುವುದಿಲ್ಲ. ಮಣ್ಣು ಮುಂದಕ್ಕೆ ನೂಕುತ್ತದೆ ಎಂದು ಗೊತ್ತಿದ್ದ ಮನುಷ್ಯ, ಬಾಗಿಲು ನೂಕುವವರನ್ನು ತಡೆಯಲು ನಾವು ಹೆಗಲು ಕೊಟ್ಟು ವಾಲುವ ಹಾಗೆ, ಗೋಡೆಯನ್ನೇ ದಿಬ್ಬಕ್ಕೆ ವಾಲಿಸಿ ನಿಲ್ಲಿಸಿದ್ದ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ನಾವು ಕುಂಬಳಕಾಯಿ ಕದಿಯದೆಯೇ ಮೂರು ತಲೆಮಾರು ಹೆಗಲು ಮುಟ್ಟಿಕೊಂಡಿದ್ದೆವು. ಮನೆತುಂಬ ಮೇಸ್ತ್ರಿಗಳು, ಒಬ್ಬರಾದರೂ ಬಂದು ಗೋಡೆಯನ್ನು ನೋಡಲಿಲ್ಲ! ಗೋಡೆಯಿಂದ ಹೆಸರು ಬಂತು, ಈಗ ಹೆಸರು ನೋಡಿ ಗೋಡೆ ಕೆಡವಲು ಹೊರಟಿದ್ದರು. ಕೆಡವಲು ನಿಂತವಳು ನಾನೇ.

ಕೆಲಸ ನಿಲ್ಲಿಸಿದೆ. ಮೊದಲು ಅಪ್ಪನಿಗೆ ಫೋನ್ ಮಾಡಿದೆ.

"ಆ ಬೀದಿಗಾ? ನಾನು ಬರಲ್ಲ."

"ತೂಗುಗುಂಡು ತಗೊಂಡ್ ಬಾ ಅಪ್ಪ. ನನ್ನ ಅಳತೆ ಸರಿನಾ ನೋಡ್ಬೇಕು."

ಅಳತೆ ಎಂದರೆ ಅವನು ಕೂತಲ್ಲಿ ಕೂರುವವನಲ್ಲ. ಅರ್ಧ ಗಂಟೆಗೆ ಬೀದಿಯ ಮೂಲೆಯಲ್ಲಿ ಕಾಣಿಸಿಕೊಂಡ, ಸುತ್ತುದಾರಿಯಲ್ಲೇ ಬಂದಿದ್ದ. ಅಲ್ಲೇ ಬಹಳ ಹೊತ್ತು ನಿಂತ. ಆಮೇಲೆ ತಲೆ ತಗ್ಗಿಸಿಕೊಂಡು ಗೋಡೆಯ ಹತ್ತಿರ ಬಂದು, ಯಾರ ಮಾತೂ ಕೇಳದೆ ದಾರ ಬಿಟ್ಟ. ಬರೆದುಕೊಳ್ಳಲು ಕಾಗದ ಕೇಳಿದ. ಜೇಬಿನಲ್ಲಿದ್ದ ಅರ್ಜಿ ಕೊಟ್ಟೆ. ಅದರ ಬೆನ್ನ ಮೇಲೆ ಎರಡು, ನಾಲ್ಕು, ಆರು ಎಂದು ಹದಿನಾರರ ತನಕ ಬರೆದ. ಐದು ಕಡೆ ಅಳೆದ. ಕಡೆಗೆ ಗೋಡೆಗೆ ಬೆನ್ನು ಕೊಟ್ಟು ಕೂತ. ಗೋಡೆಯ ಇಳಿಜಾರು ಅವನ ಮುದಿಬೆನ್ನಿಗೆ ಸರಿಯಾಗಿ ಒಗ್ಗಿತು.

"ಅರವತ್ತು ವರ್ಷ ಸುತ್ತು ಹಾಕ್ಕೊಂಡ್ ಓಡಾಡ್ದೆ ಕಣೇ," ಎಂದ. "ಕಾದು ನೋಡಿ ಅಂದಿದ್ನಲ್ಲ ನನ್ನಜ್ಜ. ಕಾದ್ವಿ, ನೋಡೋದೇ ಮರೆತ್ವಿ."

ಅಳುತ್ತಿದ್ದ. ನಾನೂ ಅತ್ತೆ. ಹೆಮ್ಮೆಗೂ ಅಳು ಬರುತ್ತದೆ ಎಂದು ನನಗೆ ಅಂದೇ ಗೊತ್ತಾದದ್ದು.

ನಗರಸಭೆಯ ಎಂಜಿನಿಯರ್ ಬಂದ. ಗೋಡೆಯನ್ನು ನೋಡಿದ, ಕಡತವನ್ನು ನೋಡಿದ, ಮತ್ತೆ ಗೋಡೆಯನ್ನು ನೋಡಿದ.

"ದಿಬ್ಬ ತಡೆಯೋ ಗೋಡೆನ ಹೀಗೇ ಕಟ್ಟಬೇಕು ಅಂತ ನಾವೂ ಓದಿದೀವಿ," ಎಂದು ಕತ್ತು ಕೆರೆದುಕೊಂಡ. "ಹಲಗೆ ಮುಚ್ಚಿತ್ತು ನೋಡಿ, ಹಳೇ ಕಡತ ನಂಬ್ಕೊಂಡ್ಬಿಟ್ಟೆ. ಇದನ್ನ ಮುಟ್ಟೋದ್ ಬೇಡ. ಪಕ್ಕದ್ದಷ್ಟೇ ಹೊಸದಾಗಿ ಕಟ್ಟಿ."

"ಹೆಂಗೆ ಕಟ್ಲಿ ಸಾರ್, ನೆಟ್ಟಗೋ?" ಎಂದು ಕೇಳಿದೆ. ಸುಮ್ಮನೆ ಬಿಡಲು ನನಗೆ ಮನಸ್ಸಿರಲಿಲ್ಲ.

"ಡೊಂಕಾಗೇ ಕಟ್ಟಿ ಮೇಡಂ," ಎಂದ, ನಗುತ್ತ.

ಕಿತ್ತ ಏಳು ಕಲ್ಲುಗಳನ್ನು ಅಪ್ಪನೇ ನಿಂತು ವಾಪಸ್ ಕೂರಿಸಿದ, ಮೊಳಕ್ಕೆ ಎರಡೇ ಬೆರಳು. ಸಂಜೆಗೆ ಸುದ್ದಿ ಹಬ್ಬಿ ಸೋದರತ್ತೆ ಓಡಿಬಂದಳು. ಗೋಡೆಯನ್ನು ಕೈಯಿಂದ ಸವರಿ, ಸುತ್ತ ನಿಂತವರಿಗೆಲ್ಲ ಕೇಳುವಂತೆ, "ನಾನೂ ಹುಟ್ಟಿದ್ದು ಡೊಂಕುಗೋಡೆ ಮನೇಲೇ ಕಣ್ರೋ, ಗಡ್ಡ ಆಮೇಲೆ ಬಂದಿದ್ದು" ಎಂದಳು. ನಾನು ಬೋರ್ಡಿನವನಿಗೆ ಫೋನ್ ಮಾಡಿ, ಇದ್ದ ಹೆಸರನ್ನೇ ಬರಿ, ಅಕ್ಷರ ಮಾತ್ರ ಎರಡು ಪಟ್ಟು ದೊಡ್ಡದಿರಲಿ ಎಂದೆ.

ಮರುವಾರ ಬದಲಾದ ಕರಾರಿಗೆ ಸಹಿ ಮಾಡಲು ನಗರಸಭೆಗೆ ಹೋದೆವು. ಅಪ್ಪನೂ ಬಂದ. ಯಾವತ್ತಿನಂತೆ ಬಾಗಿಲ ಹತ್ತಿರ ನಿಲ್ಲದೆ, ಕಾಯುವ ಜನರ ನಟ್ಟನಡುವಿನ ಬೆಂಚಿನಲ್ಲಿ ಕೂತ. ಗುಮಾಸ್ತ ಕಿಟಕಿಯಿಂದ ತಲೆ ಹಾಕಿ ಕೂಗಿದ: "ಡೊಂಕುಗೋಡೆ!"

ನಾಲ್ಕಾರು ಜನ ತಿರುಗಿ ನೋಡಿದರು. ಹಳೇ ಅಭ್ಯಾಸಕ್ಕೆ ನಾನು ದಡಕ್ಕನೆ ಏಳಹೊರಟೆ. ಅಪ್ಪ ನನ್ನ ಮುಂಗೈ ಹಿಡಿದ.

"ಕೂತ್ಕೊ," ಎಂದ. "ಇನ್ನೊಂದ್ ಸಲ ಕೂಗ್ಲಿ."