ಹೆಸರಿಡುವ ಮೊದಲು

ಪ್ರಗತಿಯ ಹೆಣ್ಣುಕೂಸು ಹುಟ್ಟಿದ ವಾರದೊಳಗೇ ಆಸ್ಪತ್ರೆಯಲ್ಲಿ ತೀರಿಕೊಂಡಿತು. ಹೃದಯದಲ್ಲಿ ದೋಷವಿದೆ ಎಂದು ಹೊಟ್ಟೆಯಲ್ಲಿದ್ದಾಗಲೇ ಗೊತ್ತಾಗಿತ್ತು. ಆಪರೇಷನ್ ಮಾಡಿದರೆ ಸರಿಹೋಗಬಹುದು ಎಂದು ಡಾಕ್ಟರು ಹೇಳಿದ್ದರು. ಸರಿಹೋಗಲಿಲ್ಲ. ಪ್ರಗತಿಯ ಗಂಡ ಶಮಂತ್ ಮೊದಲು ಒಬ್ಬನೇ ಪಾರ್ಕಿಂಗ್‌ಗೆ ಇಳಿದು, ಕಾರಿನ ಹಿಂದಿನ ಸೀಟಿಗೆ ಬಿಗಿದಿದ್ದ ಮಗುವಿನ ಕುರ್ಚಿಯನ್ನು ಬಿಚ್ಚಿ ಡಿಕ್ಕಿಗೆ ಹಾಕಿ, ಮೇಲೊಂದು ಟವೆಲ್ ಹೊದಿಸಿದ. ಆಮೇಲೆ ಹೆಂಡತಿಯನ್ನು ಕರೆತಂದ.

ಆಸ್ಟಿನ್ ಪಕ್ಕದ ಸೀಡರ್ ಪಾರ್ಕಿನ ಮನೆಯಲ್ಲಿ ಪ್ರಗತಿಯ ತಾಯಿ ಸುಶೀಲಮ್ಮ ಕಾಯುತ್ತಿದ್ದರು. ಬಾಣಂತನಕ್ಕೆಂದು ಒಣಶುಂಠಿ, ಬಜೆ, ಹಳೆಯ ಹತ್ತಿ ಸೀರೆಗಳನ್ನು ಕಟ್ಟಿಕೊಂಡು ಮೈಸೂರಿನಿಂದ ಬಂದಿದ್ದವರು. ಪ್ರಗತಿಯ ತಂಗಿ ನಿಶಿತಾ ಆಸ್ಟಿನ್‌ನ ವಿಶ್ವವಿದ್ಯಾಲಯದಲ್ಲಿ ಪ್ರಾಚೀನ ರೋಮನ್ನರ ಮೇಲೆ ಸಂಶೋಧನೆ ಮಾಡುತ್ತಿದ್ದಳು. ಆ ರೋಮನ್ನರು ತಮ್ಮ ಮಕ್ಕಳ ಗೋರಿಕಲ್ಲುಗಳ ಮೇಲೆ ಕೆತ್ತಿಸಿದ ಮಾತುಗಳೇ ಅವಳ ವಿಷಯ. ಅಕ್ಕ ಬಸುರಿಯಾದಾಗಿನಿಂದ ಆ ಮಾತನ್ನು ಮನೆಯೊಳಗೆ ಎತ್ತಕೂಡದೆಂದು ಸುಶೀಲಮ್ಮ ಅವಳಿಗೆ ತಾಕೀತು ಮಾಡಿದ್ದರು.

ಈಗಲೂ ಮನೆಯ ನಿರ್ಧಾರಗಳನ್ನೆಲ್ಲ ಸುಶೀಲಮ್ಮನೇ ತೆಗೆದುಕೊಂಡರು. ನಾಮಕರಣವಾಗದ ಕೂಸಿಗೆ ಕ್ರಿಯೆಯಿಲ್ಲ, ಹೆಸರು ಹಿಡಿದು ಅಳುವಂತಿಲ್ಲ. ಗಂಡಸರು ಹೋಗಿ ಮಣ್ಣು ಮಾಡಿ, ಹಿಂದಿರುಗಿ ನೋಡದೆ ಬರಬೇಕು. ಬಾಣಂತಿ ಹೊಸ್ತಿಲು ದಾಟಬಾರದು ಎಂದರು. ಶಮಂತ್ ಎಲ್ಲದಕ್ಕೂ ತಲೆಯಾಡಿಸಿದ. ಸ್ಮಶಾನದ ಕಚೇರಿಯವರು ಫೋನ್ ಮಾಡಿ ಮಗುವಿನ ಹೆಸರು ಕೇಳಿದಾಗ, ಇನ್ನೂ ಇಟ್ಟಿಲ್ಲ ಎಂದ. ದಿಯಾ ಎಂದು ಗಂಡಹೆಂಡಿರಿಬ್ಬರೂ ಎಂದೋ ಆರಿಸಿಕೊಂಡಿದ್ದರು. ಆ ಉತ್ತರ ಒಳಗೆ ಮಲಗಿದ್ದ ಪ್ರಗತಿಗೆ ಕೇಳಿಸಿತು.

ಸಂಜೆ ತಂಗಿ ಗಂಜಿ ತಂದುಕೊಟ್ಟಾಗ ಅವಳು ಕೇಳಿದಳು, “ನಿನ್ನ ರೋಮನ್ನರು ಇಂಥದಕ್ಕೆ ಏನ್ ಮಾಡ್ತಿದ್ರು?”

ನಿಶಿತಾ ಬೇಡವೆಂದಳು. ಅಕ್ಕ ಬಿಡಲಿಲ್ಲ. ಕೊನೆಗೆ ನಿಶಿತಾ ತಟ್ಟೆಯನ್ನು ಪಕ್ಕಕ್ಕಿಟ್ಟು ಹೇಳಿದಳು. ಅವರೂ ಹುಟ್ಟಿದ ಕೂಡಲೇ ಹೆಸರಿಡುತ್ತಿರಲಿಲ್ಲ. ಹೆಣ್ಣಾದರೆ ಎಂಟನೆಯ ದಿನ, ಗಂಡಾದರೆ ಒಂಬತ್ತನೆಯ ದಿನ. ಬಹಳ ಕೂಸುಗಳು ಅಷ್ಟರೊಳಗೇ ಹೋಗಿಬಿಡುತ್ತಿದ್ದವು. ವರ್ಷ ತುಂಬದ ಮಗುವಿಗಾಗಿ ಶೋಕ ಆಚರಿಸಕೂಡದೆಂದು ನಿಯಮವೇ ಇತ್ತು. ಎಷ್ಟೋ ಕೂಸುಗಳನ್ನು ಊರಾಚೆಯ ಸುಡುಗಾಡಿಗೂ ಒಯ್ಯದೆ ಮನೆಯ ಗೋಡೆಯ ಪಕ್ಕದಲ್ಲೇ ಹೂಳುತ್ತಿದ್ದರು.

“ಹಾಗಾದ್ರೆ ಅಮ್ಮ ಹೇಳೋದೇ ಸರಿ ಅನ್ನು.”

“ನಿಯಮ ಹಾಗಿತ್ತು, ಅಕ್ಕ. ಆದ್ರೆ ಕಲ್ಲುಗಳೂ ಇವೆ. ಇಷ್ಟು ತಿಂಗಳು, ಇಷ್ಟು ದಿನ ಬದುಕಿತ್ತು ಅಂತ ಕೆತ್ತಿಸಿದಾರೆ. ಕೆಲವರು ಗಂಟೆಗಳನ್ನೂ ಬಿಟ್ಟಿಲ್ಲ.”

ಪ್ರಗತಿ ಗೋಡೆಯ ಕಡೆ ತಿರುಗಿ ಮಲಗಿದಳು. ನಿಶಿತಾ ತಣ್ಣಗಾದ ಗಂಜಿಯನ್ನು ಹಾಗೇ ಒಳಗೆ ತೆಗೆದುಕೊಂಡು ಹೋದಳು.

ಮರುದಿನ ಪ್ರಗತಿಗೆ ಹಾಲಿಳಿಯಿತು. ಕುಡಿಯುವ ಬಾಯಿಲ್ಲದೆ ಎದೆ ಕಲ್ಲಾಗಿ, ರವಿಕೆ ತೊಯ್ದು, ಅವಳು ಕೂರಲಾರದೆ ನಿಲ್ಲಲಾರದೆ ಒದ್ದಾಡಿದಳು. ಆಸ್ಪತ್ರೆಯ ನರ್ಸ್ ಫೋನಿನಲ್ಲಿ ಎದೆಯ ಮೇಲೆ ಎಲೆಕೋಸಿನ ಎಲೆ ಇಟ್ಟುಕೊಳ್ಳಲು ಹೇಳಿದಳು. ಸುಶೀಲಮ್ಮ ಹಾಲು ಇಂಗಲು ಮಲ್ಲಿಗೆ ಹೂವೇ ಬೇಕೆಂದರು. ಹತ್ತಿರದ ಯಾವ ಅಂಗಡಿಯಲ್ಲೂ ಹೂವಿರಲಿಲ್ಲ. ಡಲ್ಲಾಸ್ ಹತ್ತಿರದ ಕ್ಯಾರಲ್ಟನ್‌ನ ಒಂದು ಅಂಗಡಿಗೆ ಅವತ್ತು ಬಂದಿದೆಯೆಂದು ವಿಚಾರಿಸಿಕೊಂಡ ಶಮಂತ್ ಕಾರು ತೆಗೆದ. ಅಲ್ಲಿಗೆ ಹೋಗುವುದೇ ಮೂರು ಗಂಟೆಯ ದಾರಿ. ಎಲೆಕೋಸೇ ಸಾಕಲ್ಲ ಭಾವ ಎಂದು ನಿಶಿತಾ ಹೇಳಿದರೂ ಕೇಳಲಿಲ್ಲ. ಅವನಿಗೆ ಎಲ್ಲಿಗಾದರೂ ಹೋಗಬೇಕಾಗಿತ್ತು. ಮಧ್ಯಾಹ್ನ ಕಳೆದು ಬಂದಾಗ ಅವನ ಕಣ್ಣುಗಳು ಊದಿಕೊಂಡಿದ್ದವು. ಟ್ರಾಫಿಕ್ ಇತ್ತು ಎಂದಷ್ಟೇ ಹೇಳಿ ಹೂವಿನ ಕವರನ್ನು ಅತ್ತೆಯ ಕೈಗೆ ಕೊಟ್ಟ.

ಸುಶೀಲಮ್ಮ ಮಗಳ ಎದೆಯ ಮೇಲೆ ಹೂವು ಹರಡಿ, ಹತ್ತಿ ಸೀರೆಯ ಪಟ್ಟಿಯಿಂದ ಬಿಗಿಯಾಗಿ ಸುತ್ತಿದರು. ಅವರ ಕೈ ಎಲ್ಲೂ ತಡವರಿಸಲಿಲ್ಲ. ಪ್ರಗತಿ ಅದನ್ನೇ ನೋಡುತ್ತಿದ್ದು, ಇದೆಲ್ಲ ನಿನಗೆ ಹೇಗೆ ಗೊತ್ತು ಎಂದು ಕೇಳಿದಳು.

“ನಂಗೂ ಕಟ್ಟಿದ್ರು,” ಎಂದರು ಸುಶೀಲಮ್ಮ.

ಗಂಟು ಹಾಕಿ ಮುಗಿಸಿದರು. ಆಮೇಲೆ ಮಂಚದ ಅಂಚಿಗೆ ಕೂತು, ಇಬ್ಬರು ಹೆಣ್ಣುಮಕ್ಕಳಿಗೂ ಇದುವರೆಗೆ ಹೇಳದಿದ್ದನ್ನು ಹೇಳಿದರು. ಪ್ರಗತಿಗಿಂತ ಮೊದಲು ಒಂದು ಗಂಡುಕೂಸು ಹುಟ್ಟಿತ್ತು. ಜ್ವರ ಬಂದು ಒಂದೇ ಹಗಲಿನಲ್ಲಿ ಹೋಯಿತು. ಅತ್ತೆ ಕೂಸನ್ನು ಇವರ ಮಡಿಲಿನಿಂದ ಎತ್ತಿಕೊಂಡರು, ಗಂಡ ಅದನ್ನು ಪಂಚೆಯಲ್ಲಿ ಸುತ್ತಿಕೊಂಡು ಹೊರಟರು. ಎಲ್ಲಿ ಮಣ್ಣು ಮಾಡಿದರೆಂದು ಇವರಿಗೆ ಯಾರೂ ಹೇಳಲಿಲ್ಲ. ಇಬ್ಬರಿಗೂ ವಯಸ್ಸಾಗಿ, ಗಂಡ ಹಾಸಿಗೆ ಹಿಡಿದ ಮೇಲೆ ಒಮ್ಮೆ ಧೈರ್ಯ ಮಾಡಿ ಕೇಳಿದ್ದರು. ಅವರು ಮುಖ ತಿರುಗಿಸಿದರು. ಮುಂದಿನ ತಿಂಗಳು ಅವರೂ ಇರಲಿಲ್ಲ.

“ಹೆಸರು ಏನಿತ್ತಮ್ಮ?”

“ಇಟ್ಟಿರಲಿಲ್ಲವಲ್ಲ.”

“ನೀನು ಏನಂತ ಕರೀತಿದ್ದೆ?”

“ಪುಟ್ಟು ಅಂತ. ಎಲ್ಲಾ ಮಕ್ಕಳನ್ನೂ ಹಾಗೇ ಕರೀತಾರೆ,” ಎಂದ ಸುಶೀಲಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡರು.

ಮರುದಿನ ಕೂಸನ್ನು ಮಣ್ಣು ಮಾಡುವುದಿತ್ತು. ಪ್ರಗತಿ, “ನಾಳೆ ನಾನೂ ಬರ್ತೀನಿ,” ಎಂದಳು. ಬೆಳಿಗ್ಗೆ ತಾಯಿ ಮಗಳ ಕಿವಿಗೆ ಹತ್ತಿಯಿಟ್ಟು, ತಲೆಗೆ ಸ್ಕಾರ್ಫ್ ಬಿಗಿದು, ಕಾಲಿಗೆ ಉಣ್ಣೆಯ ಸಾಕ್ಸ್ ತೊಡಿಸಿದರು. ತಾವೂ ಸೀರೆ ಬದಲಾಯಿಸಿ ಕಾರಿನಲ್ಲಿ ಕೂತರು.

ಸ್ಮಶಾನದ ಒಂದು ಮೂಲೆಯನ್ನು ಮಕ್ಕಳಿಗೆಂದೇ ಬಿಟ್ಟಿದ್ದರು. ಅಲ್ಲಿನ ಕೆಲಸಗಾರ ತಂದ ಬಿಳಿಯ ಪೆಟ್ಟಿಗೆ ಶಮಂತನ ಎರಡು ಅಂಗೈ ಮೇಲೆ ನಿಲ್ಲುವಷ್ಟಿತ್ತು. ಮುಚ್ಚಳ ತೆಗೆಸುವಂತೆ ಸುಶೀಲಮ್ಮ ಅಳಿಯನಿಗೆ ಹೇಳಿದರು.

“ಕಿವೀಲಿ ಹೆಸರು ಹೇಳಪ್ಪ. ತಂದೆ ಹೇಳ್ಬೇಕು.”

ಅವನು ಮಂಡಿಯೂರಿ ಬಗ್ಗಿದ. ಮೂರು ಸಲ ಹೇಳಬೇಕಿತ್ತು. ಒಂದು ಸಲ ದಿಯಾ ಎಂದವನೇ ಅಂಗೈಯಿಂದ ಮುಖ ಮುಚ್ಚಿಕೊಂಡ. ಉಳಿದೆರಡು ಸಲ ಪ್ರಗತಿ ಹೇಳಿದಳು. ಅಲ್ಲೇ ಹುಲ್ಲಿನ ಮೇಲೆ ಕುಸಿದ ಮಗಳನ್ನು ಸುಶೀಲಮ್ಮ ಎಬ್ಬಿಸಲು ಹೋಗಲಿಲ್ಲ. ಅವಳ ಪಕ್ಕದಲ್ಲಿ ನಿಂತು, ಅವಳು ಅತ್ತು ಮುಗಿಸುವ ತನಕ ಕಾದರು.

ಚಳಿಗಾಲವಿಡೀ ಸುಶೀಲಮ್ಮ ಮಗಳ ಮನೆಯಲ್ಲೇ ಉಳಿದರು. ಹಾಲು ಬತ್ತಿತು. ಶಮಂತ್ ಆಫೀಸಿಗೆ ಹೋಗತೊಡಗಿದ. ಪ್ರಗತಿ ಮಾತು ಕಡಿಮೆ ಮಾಡಿದಳು. ಹ್ಯೂಸ್ಟನ್‌ನಲ್ಲಿ ನಡೆದ ವಿಚಾರಗೋಷ್ಠಿಯಲ್ಲಿ ನಿಶಿತಾ ಒಂದು ಮಗುವಿನ ಕಲ್ಲಿನ ಬರಹವನ್ನು ಓದುತ್ತ ನಡುವೆ ನಿಂತುಬಿಟ್ಟಳು. ಎದುರಿಗಿದ್ದವರು ಪುಟ ತಪ್ಪಿರಬೇಕೆಂದುಕೊಂಡರು.

ಫೆಬ್ರವರಿಯಲ್ಲಿ, ಊರಿಗೆ ಹೊರಡುವ ವಾರ, ಸುಶೀಲಮ್ಮ ತಾವಾಗಿಯೇ ನಿಶಿತಾಳನ್ನು ಕೇಳಿದರು. ಆ ರೋಮನ್ ತಾಯಂದಿರು ವಯಸ್ಸಾದ ಮೇಲೂ ಗೋರಿಯ ಹತ್ತಿರ ಹೋಗುತ್ತಿದ್ದರೇ? ನಿಶಿತಾ ಇದ್ದದ್ದನ್ನು ಹೇಳಿದಳು: ಮುದುಕಿಯರಾಗುವವರೆಗೆ ಬದುಕಿದವರೇ ಕಡಿಮೆ; ಬದುಕಿದವರು ಇದೇ ಫೆಬ್ರವರಿಯಲ್ಲಿ ಹೂವು, ವೈನಿನಲ್ಲಿ ನೆನೆಸಿದ ರೊಟ್ಟಿ, ಒಂದು ಚಿಟಿಕೆ ಉಪ್ಪು ತೆಗೆದುಕೊಂಡು ಹೋಗುತ್ತಿದ್ದರು.

“ಅವರಿಗೆ ಜಾಗನಾದ್ರೂ ಗೊತ್ತಿತ್ತು,” ಎಂದರು ಸುಶೀಲಮ್ಮ.

ಆ ಭಾನುವಾರ ಅವರು ಮೊಸರನ್ನ ಕಲಸಿ ಡಬ್ಬಿಗೆ ಹಾಕಿಕೊಂಡರು. ದಿಯಾಳ ಕಲ್ಲಿನ ಮುಂದೆ ಕಷ್ಟಪಟ್ಟು ಕೂತು, ಬಾಳೆಲೆಯ ಚೂರಿನ ಮೇಲೆ ಒಂದು ತುತ್ತು ಇಟ್ಟರು. ಸ್ವಲ್ಪ ತಡೆದು, ಪಕ್ಕದಲ್ಲಿ ಇನ್ನೊಂದು ತುತ್ತು ಇಟ್ಟರು. ಶಮಂತ್ ಕೈ ಕೊಟ್ಟು ಅವರನ್ನು ಎಬ್ಬಿಸಿದ. ಕಾರಿನ ತನಕ ನಡೆಯುವಾಗ ಸುಶೀಲಮ್ಮ ಎರಡು ಸಲ ನಿಂತು ಹಿಂದಿರುಗಿ ನೋಡಿದರು.