ಗ್ಯಾನಪ್ಪನ ಕಣ್ಣು

ದಾವಲ್‌ಸಾಬ್ ಮುದಗಲ್ಲಿನ ದರ್ಜಿಯ ಮಗ. ಮುಂಬಯಿಗೆ ಹೋಗಿ, ಕ್ಯಾಮೆರಾ ಹೊರುವ ಕೆಲಸದಿಂದ ಶುರುಮಾಡಿ, ನಲವತ್ತನೆಯ ವಯಸ್ಸಿನ ಹೊತ್ತಿಗೆ ಸ್ವಂತ ಸಾಕ್ಷ್ಯಚಿತ್ರ ತೆಗೆಯುವಷ್ಟು ಬೆಳೆದಿದ್ದ. ಗಿರಣಿ ಕಾರ್ಮಿಕರ ಬಗ್ಗೆ, ಜೋಪಡಿಗಳ ಬಗ್ಗೆ ಚಿತ್ರ ಮಾಡಿದವನಿಗೆ ತನ್ನ ಸೀಮೆಯ ಬಗ್ಗೆಯೂ ಒಂದು ಮಾಡಬೇಕೆಂಬ ಹಂಬಲ. ಕಾಲುವೆ ಬಂದು ಸಿಂಧನೂರು ಹಸಿರಾಯಿತೆಂದು ಎಲ್ಲರೂ ಬರೆಯುತ್ತಿದ್ದರು. ಆ ಹಸಿರಿನಲ್ಲಿ ದುಡಿಯುವವರನ್ನು ತೋರಿಸಬೇಕೆಂದು ೧೯೬೯ರಲ್ಲಿ ಅಲ್ಲಿಗೆ ಹತ್ತಿರದ ಗೊರೇಬಾಳ ಎಂಬ ಹಳ್ಳಿಗೆ ಬಂದ.

ಅಲ್ಲಿ ಸಿಕ್ಕವರು ಕೂಲಿಕಾರ ಗ್ಯಾನಪ್ಪ, ಅವನ ಹೆಂಡತಿ ಹೊನ್ನೂರಮ್ಮ. ನೆಲ್ಲಿನ ಗದ್ದೆಗೆ ಹುಳ ಸಾಯಿಸುವ ಎಣ್ಣೆ ಹೊಡೆಯುವಾಗ ಪಂಪಿನ ಕೊಳವೆ ಕಿತ್ತು ಗ್ಯಾನಪ್ಪನ ಮುಖಕ್ಕೆ ಅದು ಸಿಡಿದಿತ್ತು. ಒಂದು ಕಣ್ಣು ಆಗಲೇ ಹೋಗಿತ್ತು. ಇನ್ನೊಂದಕ್ಕೆ ಬಿಳಿ ಪೊರೆ ಕಟ್ಟುತ್ತಿತ್ತು.

"ಸ್ವಲ್ಪ ಕಾಣ್ತೈತ್ರಿ ಸಾಬ್ರ. ನಿಮ್ಮ ಅಂಗಿ ಬಿಳೇದೈತಿ ಅಂತ ಗೊತ್ತಾಗ್ತೈತಿ," ಎಂದು ಗ್ಯಾನಪ್ಪ ನಕ್ಕ.

ಆ ನಗುವನ್ನು, ಆ ಕಣ್ಣನ್ನು ದಾವಲ್‌ಸಾಬ್ ತೀರ ಹತ್ತಿರದಿಂದ ಚಿತ್ರೀಕರಿಸಿದ. ಬೆಳಕು ಸರಿಯಾಗಿ ಬೀಳಲೆಂದು ಅವನನ್ನು ಬದುವಿನ ಮೇಲೆ ಮತ್ತೆ ಮತ್ತೆ ಕೂರಿಸಿದ. ಹೊನ್ನೂರಮ್ಮ ಬಡಿದುಕೊಟ್ಟ ರೊಟ್ಟಿ ಉಂಡ. "ನಿಮ್ಮ ಸಂಕಟಾನ ದಿಲ್ಲಿತನಕ ಮುಟ್ಟಸ್ತೀನಿ ಯಕ್ಕಾ," ಎಂದು ಹೇಳಿ ಹೋದ.

ಮುಟ್ಟಿಸಿದ. ದಿಲ್ಲಿಯಲ್ಲಿ ಚಿತ್ರ ನೋಡಿದವರು ಕಣ್ಣೀರು ಒರೆಸಿಕೊಂಡರು. ಪತ್ರಿಕೆಗಳು ಹೊಗಳಿದವು, ಬಹುಮಾನವೂ ಬಂತು. ಮರುವರ್ಷ ಅವನು ಪ್ರೊಜೆಕ್ಟರ್ ಹೊತ್ತು ತಂದು, ಗೊರೇಬಾಳದ ಶಾಲೆಯ ಗೋಡೆಗೆ ಬಿಳಿ ಧೋತರ ಕಟ್ಟಿ ಊರವರಿಗೆ ತೋರಿಸಿದ.

ಹೊನ್ನೂರಮ್ಮ ಗಂಡನ ಕೈಹಿಡಿದು ತಂದು ಮುಂದೆ ಕೂರಿಸಿದಳು. ಪರದೆಯ ತುಂಬ ಗ್ಯಾನಪ್ಪನ ಮುಖ ಬಂತು. ಜನ ಹೋ ಎಂದರು.

"ಏನ್ ಕಾಣಾಕತ್ತೈತಿ ಲೇ?" ಗ್ಯಾನಪ್ಪ ಹೆಂಡತಿಯನ್ನು ಕೇಳಿದ.

"ನೀನ."

"ಹ್ಯಾಂಗದೀನಿ?"

"ನಗಾಕತ್ತೀದಿ," ಎಂದು ಹೇಳಿ ಅವಳು ಸೆರಗನ್ನು ಬಾಯಿಗೆ ಒತ್ತಿಕೊಂಡಳು.

ಉಳಿದಿದ್ದ ಕಣ್ಣೂ ಹೋಗಿದೆ ಎಂದು ದಾವಲ್‌ಸಾಬನಿಗೆ ತಿಳಿದದ್ದು ಆಗಲೇ.

ಮರುದಿನ ಇಬ್ಬರನ್ನೂ ರಾಯಚೂರಿನ ಕಣ್ಣಿನ ಡಾಕ್ಟರ ಬಳಿ ಕರೆದೊಯ್ದ. ಡಾಕ್ಟರು ಬಹಳ ಹೊತ್ತು ನೋಡಿ ಹೇಳಿದರು: "ಹೋದ ವರ್ಷನ ಕರ್ಕೊಂಡು ಬಂದಿದ್ರ ಒಂದು ಕಣ್ಣು ಉಳೀತಿತ್ತು. ತಿಳಿದವರು ಯಾರೂ ಇರ್ಲಿಲ್ಲೇನವ್ವಾ ಅಲ್ಲಿ?"

ಹೊನ್ನೂರಮ್ಮ ದಾವಲ್‌ಸಾಬನ ಕಡೆ ತಿರುಗಲಿಲ್ಲ.

"ಇರ್ಲಿಲ್ರಿ," ಎಂದಳು.

ಸಿಂಧನೂರಿನಲ್ಲಿ ಬಸ್ಸು ಇಳಿದ ಮೇಲೆ ಅವನಿಗೆ ತಡೆಯಲಾಗಲಿಲ್ಲ. "ತಪ್ಪಾತು ಯಕ್ಕಾ. ನನಗ ಹೊಳೀಲೇ ಇಲ್ಲ," ಎಂದು ಅಳತೊಡಗಿದ.

"ನಮಗರ ಎಲ್ಲಿ ಹೊಳೀತ್ರಿ," ಎಂದಳು ಹೊನ್ನೂರಮ್ಮ. "ದಿಲ್ಲಿಯವರು ನೋಡಿದ್ರ ಯಾರರ ಬರ್ತಾರ ಅಂತ ನಾವೂ ಕಾಯ್ಕೊಂತ ಕುಂತ್ವಿ." ಗಂಡನ ಕೈಯನ್ನು ತನ್ನ ಹೆಗಲ ಮೇಲಿಟ್ಟುಕೊಂಡು ಊರ ದಾರಿ ಹಿಡಿದಳು.

ಆಮೇಲೆ ದಾವಲ್‌ಸಾಬ್ ಒಂದು ಚಿಕ್ಕ ಚಿತ್ರ ಮಾಡಿದ. ಎಣ್ಣೆ ಹೊಡೆಯುವಾಗ ಮುಖಕ್ಕೆ ಬಟ್ಟೆ ಕಟ್ಟಬೇಕು, ಕಣ್ಣಿಗೆ ಬಿದ್ದರೆ ತೊಳೆದು ಕೂಡಲೇ ಆಸ್ಪತ್ರೆಗೆ ಹೋಗಬೇಕು, ಅಷ್ಟೇ ಅದರಲ್ಲಿದ್ದದ್ದು. ಮಸ್ಕಿ, ಲಿಂಗಸುಗೂರಿನ ಹಳ್ಳಿಹಳ್ಳಿಗೂ ತಾನೇ ಹೊತ್ತು ತಿರುಗಿ ತೋರಿಸಿದ. ಗೊರೇಬಾಳಕ್ಕೆ ಮಾತ್ರ ಅದನ್ನು ಒಯ್ಯಲು ಅವನಿಗೆ ಧೈರ್ಯವಾಗಲಿಲ್ಲ.