ಗುರುವಿನ ಪಾದ

“ಕಾಲು ತಗಿಯಲೇ ಸೂಳೆಮಗನ! ಆ ಪೀಠದ ಮ್ಯಾಲಿಂದ ಮೊದಲು ಕಾಲು ತಗಿ!”

ಸ್ಟುಡಿಯೋದ ಮಾಲೀಕ ಜಮನಾದಾಸ ಶೇಠ್ ಬಾಗಿಲಲ್ಲಿಂದಲೇ ಕೂಗಿದ. ಗುರುವಿನ ವೇಷದಲ್ಲಿದ್ದ ಗೇನಬಾ ಪಾದಪೀಠದಿಂದ ಕಾಲಿಳಿಸಿದ. ಅಂಟಿಸಿದ ಗಡ್ಡದೊಳಗೆ ಮುಖ ಬೆವೆತುಹೋಗಿತ್ತು.

ಹನ್ನೆರಡು ವರ್ಷ ಈ ಸ್ಟುಡಿಯೋದಲ್ಲಿ ಅವನು ಕಾವಲುಗಾರನಾಗಿದ್ದ, ಅಂಬಿಗನಾಗಿದ್ದ, ನಾಯಕನ ಕತ್ತಿಗೆ ಸಿಕ್ಕಿ ಎಷ್ಟೋ ಸಲ ಸತ್ತಿದ್ದ. ಮೂಕಿ ಚಿತ್ರಗಳ ಕಾಲ ಮುಗಿದು ಚಿತ್ರಕ್ಕೆ ಮಾತು ಬಂದಮೇಲೆ ಅವನ ಗಂಟಲಿಗೆ ಬೆಲೆ ಬಂತು. ಡೈರೆಕ್ಟರ್ ಕಾಶೀಕರ ಅವನಿಗೆ ದೇವದತ್ತ ಶರ್ಮಾ ಎಂದು ಹೆಸರಿಟ್ಟು, ಮೊದಲ ಸಲ ಒಂದು ತುಂಬು ಪಾತ್ರ ಕೊಟ್ಟ. ರಾಜಕುಮಾರ ಬಂದು ಕಾಲಿಗೆ ಬೀಳುವ ಗುರುವಿನ ಪಾತ್ರ.

ನಿನ್ನೆ ಎಲ್ಲ ಮಣ್ಣುಪಾಲಾಯಿತು. ಸಾತಾರಾ ಕಡೆಯ ಹಳ್ಳಿಯಿಂದ ಬಂದ ಸೋದರಮಾವ ಗೇಟಿನ ಬಳಿ ಅವನ ಜೊತೆ ನಿಂತಿದ್ದ. ಶೇಠನ ಮೋಟಾರು ಕಂಡದ್ದೇ ತಡ, ಮುದುಕ ನೆಲ ಮುಟ್ಟುವಂತೆ ಬಾಗಿ, “ಜೋಹಾರ್, ಮಾಯಬಾಪ್!” ಎಂದುಬಿಟ್ಟ. ದೊಡ್ಡವರೆದುರು ಹಾಗೆ ಬಾಗಿ ಜೋಹಾರ್ ಅನ್ನುವವರು ಊರಾಚೆಯ ಅಸ್ಪೃಶ್ಯ ಮಹಾರರು. ಅಷ್ಟಕ್ಕೇ ಬಿಡದೆ, “ಇವ ನಮ್ಮ ತಂಗಿ ಮಗ, ಗೇನ್ಯಾ” ಎಂದು ಹೆಮ್ಮೆಯಿಂದ ಬೆನ್ನು ತಟ್ಟಿದ. ಅಳಿಯ ಇಲ್ಲಿ ಜಾತಿ ಮುಚ್ಚಿಟ್ಟು ಬದುಕಿದ್ದು ಪಾಪ, ಅವನಿಗೇನು ಗೊತ್ತು.

ರಾಜಕುಮಾರನ ವೇಷದ ನರೋತ್ತಮ ಕುರ್ಚಿಯಲ್ಲಿ ಕಾಲು ಚಾಚಿ ಸಿಗರೇಟು ಸೇದುತ್ತಿದ್ದ. “ನಾ ಮಹಾರನ ಕಾಲು ಮುಟ್ಟಂಗಿಲ್ರಿ ಶೇಠ್‌ಜಿ. ಮಂದಿ ನನ್ನ ಮಾರಿಗೆ ಉಗೀತಾರ.”

“ನಿನಗ ಮುಟ್ಟು ಅಂದೋರ್ಯಾರು?” ಶೇಠ್ ನಕ್ಕ. “ಇವನ ಮಾರಿ ಆಗಲೇ ಅರ್ಧ ಚಿತ್ರದಾಗ ಬಂದೈತಿ. ಅಡಿಗಿ ಭಟ್ಟನ್ನ ಕರೀರಿ. ಕಾಲು ಭಟ್ಟಂದು, ಮಾರಿ ಇವಂದು. ಪರದೇದಾಗ ಯಾವನಿಗೆ ತಿಳೀತೈತಿ?”

ವಾಮನಭಟ್ಟ ಬಂದ. ಅವನ ಪಾದದ ಮೇಲೆ ಚೆಲ್ಲಿದ್ದ ಬೇಳೆ ಒರೆಸಿ, ಗಂಧ ಹಚ್ಚಿ ಪೀಠದ ಮೇಲಿಡಿಸಿದರು. ನರೋತ್ತಮ ಕಣ್ಣೀರು ಸುರಿಸುತ್ತ ಆ ಪಾದಗಳನ್ನು ಹಿಡಿದುಕೊಂಡ. ಗೋಡೆಯ ಬಳಿ ನಿಂತು ಗೇನಬಾ ನೋಡಿದ. ಇಷ್ಟು ವರ್ಷ ಒದೆ ತಿನ್ನುವ ಪಾತ್ರ ಮಾಡಿದಾಗಲೂ ಅವನಿಗೆ ಹೀಗೆ ಅವಮಾನವಾಗಿರಲಿಲ್ಲ.

ಕಾಶೀಕರ ಪಕ್ಕಕ್ಕೆ ಬಂದು ಪಿಸುಗುಟ್ಟಿದ. “ಸುಮ್ಮನ ಆಶೀರ್ವಾದದ ಮಾತು ಹೇಳಿ ನಡಿಯಪಾ. ಶೇಠ್ ಪೈಲವಾನರನ್ನ ಕರಿಸ್ಯಾನ.”

“ಯಾಕ್ರಿ ಸಾಹೇಬ್ರ?”

“ಈ ಸುದ್ದಿ ಹೊರಗ ಹೋಗಬಾರದಂತ.”

ಈಗ ಗೇನಬಾನ ಮುಖದ ಸರದಿ. ನರೋತ್ತಮ ಎದ್ದು ಹೋಗಿದ್ದ. ಖಾಲಿ ನೆಲವನ್ನೇ ಶಿಷ್ಯನೆಂದುಕೊಂಡು ಹರಸಬೇಕಿತ್ತು. ತಲೆಯ ಮೇಲೆ ಮೈಕು ಇಳಿಯಿತು, ಕ್ಯಾಮೆರಾ ತಿರುಗಿತು.

“ವತ್ಸಾ...” ಎಂದ ಗೇನಬಾ. ಅವನು ಗಡ್ಡಕ್ಕೆ ಕೈಹಾಕಿ, ಚರ್ಮ ಸುಲಿಯುವಂತೆ ಕಿತ್ತೆಸೆದ.

“ನನ್ನ ಹೆಸರು ಗೇನಬಾ. ರಾಘೋ ಸಾಳವೆ ಮಗ. ಮಹಾರ. ನಿಮ್ಮ ರಾಜಕುಮಾರ ಹಿಡಿದದ್ದು ಅಡಿಗಿ ಭಟ್ಟನ ಕಾಲು. ದನಿ ಮಾತ್ರ ನಂದು. ಇದನ್ನ ಯಾರ ಗಂಟಲಿಂದ ತರ್ತೀರಲೇ ಭಾಡ್ಯಾಗಳ್ರಾ?”

ಕ್ಯಾಮೆರಾ ಇನ್ನೂ ತಿರುಗುತ್ತಲೇ ಇತ್ತು. ಶೇಠ್ ಮೆಲ್ಲಗೆ ಬೆರಳಾಡಿಸಿದ. ಇಬ್ಬರು ಪೈಲವಾನರು ಒಳಗೆ ಬಂದರು. ಸದ್ದು ದಾಟದಂತೆ ಗೋಣಿಚೀಲ ಹೊದಿಸಿದ್ದ ದಪ್ಪ ಬಾಗಿಲನ್ನು ಎಳೆದು ಅಗಳಿ ಹಾಕಿದರು.

ಗೇನಬಾ ಮೈಕಿನತ್ತ ಮುಖವೆತ್ತಿ, ಇನ್ನೂ ಗಟ್ಟಿಯಾಗಿ, ತನ್ನ ಅಪ್ಪನ ಹೆಸರು ಹೇಳತೊಡಗಿದ.